ಮಾಹಿತಿಯ ಖಾಸಗಿತನ ಮತ್ತು ನ್ಯಾಯಮೂರ್ತಿ ಬಿ. ಎನ್. ಶ್ರೀಕೃಷ್ಣ

ಬಾಂದ್ರಾ-ಕುರ್ಲಾ ಸಂಕೀರ್ಣಕ್ಕೆ ಒಂದಲ್ಲ ಒಂದು ಕೆಲಸದ ನಿಮಿತ್ತ ಹೋಗಿ ಬಾರದ ಮುಂಬಯಿ ಕನ್ನಡಿಗರು ವಿರಳ. ಪಾಸ್‌ಪೋರ್ಟಿನ ಪ್ರಾದೇಶಿಕ ಕಚೇರಿ ಇರುವ ವಿದೇಶ ಭವನ ಅಲ್ಲಿದೆ. ಮಕ್ಕಳು ಅಮೆರಿಕಕ್ಕೆ ಹೊರಟಾಗ ತಂದೆತಾಯಿಗಳು ಸಾಲುಗಟ್ಟಿ ನಿಲ್ಲುವ ಅಮೆರಿಕದ ದೂತಾವಾಸವೂ ಅಲ್ಲಿಯೇ ಇದೆ. ರಾಷ್ಟ್ರೀಯ ಶೇರು ವಿನಿಮಯ ಕೇಂದ್ರ, ಸೆಬಿ, ದೊಡ್ಡ ಬ್ಯಾಂಕುಗಳ ಪ್ರಧಾನ ಕಚೇರಿಗಳು, ನಮ್ಮ ಮೊಬೈಲಿನ ಯುಪಿಐ ಪಾವತಿಗಳನ್ನು ನಡೆಸುವ ರಾಷ್ಟ್ರೀಯ ಪಾವತಿ ನಿಗಮ, ಎಲ್ಲವೂ ಮೀಠಿ ನದಿಯ ದಂಡೆಯ ಆ ಒಂದೇ ಬಡಾವಣೆಯಲ್ಲಿ ಸೇರಿಕೊಂಡಿವೆ. ಮಾಟುಂಗದ ಅಂಗಡಿಯಲ್ಲಿ ಇಪ್ಪತ್ತು ರೂಪಾಯಿಯ ಕೊತ್ತಂಬರಿ ಸೊಪ್ಪು ಕೊಂಡರೂ ಅದರ ಲೆಕ್ಕ ಬಾಂದ್ರಾದ ಸಂಸ್ಥೆಯೊಂದರ ವ್ಯವಸ್ಥೆಯನ್ನು ಹಾದು ಹೋಗುತ್ತದೆ ಎಂದರೆ ತಪ್ಪಾಗದು.

ಹೆಸರು, ಜನ್ಮದಿನ, ಬೆರಳಚ್ಚು, ಸಂಬಳ, ಸಾಲ, ರೋಗ, ಪ್ರಯಾಣ, ಹೀಗೆ ನಮ್ಮ ಬಗೆಗಿನ ಈ ಎಲ್ಲ ಮಾಹಿತಿ ಯಾರದು? ಕೇಳಿದವರಿಗೆಲ್ಲ ಕೊಡಬೇಕೆ? ಕೊಟ್ಟದ್ದು ಬೇರೆಯವರ ಕೈ ಸೇರಿದರೆ ಹೊಣೆ ಯಾರು? ಈ ಪ್ರಶ್ನೆಗಳಿಗೆ ಉತ್ತರರೂಪವಾದ ಕಾನೂನಿನ ಮೊದಲ ಕರಡನ್ನು ಭಾರತಕ್ಕೆ ಸಿದ್ಧಪಡಿಸಿಕೊಟ್ಟ ಸಮಿತಿಯ ಅಧ್ಯಕ್ಷರು ಬೆಂಗಳೂರಿನಲ್ಲಿ ಹುಟ್ಟಿ ನಮ್ಮ ಮುಂಬಯಿಯಲ್ಲಿ ಬೆಳೆದ ನ್ಯಾಯಮೂರ್ತಿ ಬೆಳ್ಳೂರು ನಾರಾಯಣಸ್ವಾಮಿ ಶ್ರೀಕೃಷ್ಣ ಅವರು. ಕರಡನ್ನು ಒಪ್ಪಿಸಿದ ಮೇಲೆ ಅವರು ಸುಮ್ಮನಾಗಲಿಲ್ಲ. ಅದು ಹೇಗೆ ಹೇಗೆ ಬದಲಾಯಿತು, ಆ ಬದಲಾವಣೆಯಿಂದ ಪ್ರಜೆಗೆ ಏನು ನಷ್ಟ ಎಂಬುದನ್ನು ವರ್ಷಗಳ ಕಾಲ ಬಹಿರಂಗವಾಗಿ ಹೇಳುತ್ತ ಬಂದರು. ಅವರ ಜೀವನದ ಈ ಕೊನೆಯ ಅಧ್ಯಾಯವನ್ನೇ ನಾವು ಇಲ್ಲಿ ಮುಖ್ಯವಾಗಿ ಪರಿಚಯಿಸುತ್ತಿದ್ದೇವೆ.

ಶ್ರೀಕೃಷ್ಣ ಅವರು ಜನಿಸಿದ್ದು 1941ರ ಮೇ 21ರಂದು. ಮುಂಬಯಿಯ ಸರಕಾರಿ ಕಾನೂನು ಕಾಲೇಜಿನಲ್ಲಿ ಕಾನೂನು ಕಲಿತು 1967ರಲ್ಲಿ ವಕೀಲಿ ವೃತ್ತಿಯನ್ನು ಆರಂಭಿಸಿದರು. ಕಾರ್ಮಿಕ ಮತ್ತು ಔದ್ಯೋಗಿಕ ಕಾನೂನು ಅವರ ವಿಶೇಷ ಕ್ಷೇತ್ರ. ಗಿರಣಿಗಳೂ ಕಾರಖಾನೆಗಳೂ ತುಂಬಿದ್ದ ಅಂದಿನ ಮುಂಬಯಿಯಲ್ಲಿ ಆ ಕಾನೂನನ್ನು ಬಲ್ಲವರಿಗೆ ಕೆಲಸಕ್ಕೆ ಕೊರತೆಯಿರಲಿಲ್ಲ. ವಕೀಲಿಯ ನಡುವೆಯೂ ವ್ಯಾಸಂಗವನ್ನು ಬಿಟ್ಟವರಲ್ಲ: ಮೈಸೂರು ವಿಶ್ವವಿದ್ಯಾನಿಲಯದಿಂದ ಸಂಸ್ಕೃತದಲ್ಲಿ ಎಂ.ಎ., ಮುಂಬಯಿ ವಿಶ್ವವಿದ್ಯಾಲಯದಿಂದ ಉರ್ದುವಿನಲ್ಲಿ ಡಿಪ್ಲೊಮಾ, ಜೊತೆಗೆ ಭಾರತೀಯ ಸೌಂದರ್ಯಮೀಮಾಂಸೆಯಲ್ಲಿ ಸ್ನಾತಕೋತ್ತರ ಡಿಪ್ಲೊಮಾ. 1990ರಲ್ಲಿ ಮುಂಬಯಿ ಉಚ್ಚ ನ್ಯಾಯಾಲಯದ ನ್ಯಾಯಮೂರ್ತಿಗಳಾದರು. 2001ರಲ್ಲಿ ಕೇರಳದ ಮುಖ್ಯ ನ್ಯಾಯಮೂರ್ತಿಗಳಾಗಿ, 2002ರಿಂದ 2006ರ ಮೇ ತಿಂಗಳವರೆಗೆ ಸರ್ವೋಚ್ಚ ನ್ಯಾಯಾಲಯದ ನ್ಯಾಯಮೂರ್ತಿಗಳಾಗಿ ಸೇವೆ ಸಲ್ಲಿಸಿದರು.

ಮುಂಬಯಿಯ ಜನ ಅವರ ಹೆಸರನ್ನು ಮೊದಲು ಕೇಳಿದ್ದು ಮಾತ್ರ ಬೇರೊಂದು ಸಂದರ್ಭದಲ್ಲಿ. 1992ರ ಡಿಸೆಂಬರ್ ಮತ್ತು 1993ರ ಜನವರಿಯ ಗಲಭೆಗಳಲ್ಲಿ ಈ ನಗರದಲ್ಲಿ 900 ಜನ ಪ್ರಾಣ ಕಳೆದುಕೊಂಡರು. ಬಾಂದ್ರಾ ಪೂರ್ವದ ಬೆಹ್ರಾಮ್‌ಪಾಡಾ ಆ ದಿನಗಳಲ್ಲಿ ಹೊತ್ತಿ ಉರಿದ ಸ್ಥಳಗಳಲ್ಲಿ ಒಂದು. ವಿಚಾರಣೆಗೆ ನೇಮಕವಾದ ಏಕಸದಸ್ಯ ಆಯೋಗದ ಹೊಣೆ ಶ್ರೀಕೃಷ್ಣ ಅವರಿಗೆ ಬಂತು. 1996ರ ಜನವರಿಯಲ್ಲಿ ರಾಜ್ಯ ಸರಕಾರ ಆಯೋಗವನ್ನೇ ರದ್ದುಗೊಳಿಸಿತು. ಕೆಲವು ತಿಂಗಳುಗಳಲ್ಲಿ ಅದು ಮತ್ತೆ ಜೀವ ಪಡೆಯಿತು. 1998ರ ಫೆಬ್ರವರಿಯಲ್ಲಿ ವರದಿ ಸಲ್ಲಿಕೆಯಾದಾಗ ಅಂದಿನ ಸರಕಾರ ಅದರ ಮುಖ್ಯ ನಿರ್ಣಯಗಳನ್ನು ಒಪ್ಪಲಿಲ್ಲ. ಕಷ್ಟಪಟ್ಟು ಬರೆದ ವರದಿಯೊಂದು ಸರಕಾರದ ಕೈಗೆ ಹೋದ ಮೇಲೆ ಏನಾಗಬಹುದು ಎಂಬುದನ್ನು ಹೀಗೆ ಅವರು ಇಪ್ಪತ್ತು ವರ್ಷ ಮೊದಲೇ ಕಂಡುಕೊಂಡಿದ್ದರು. ನಿವೃತ್ತಿಯ ಬಳಿಕ ಆರನೆಯ ವೇತನ ಆಯೋಗ, ತೆಲಂಗಾಣ ಕುರಿತ ಸಮಿತಿ, ಹಣಕಾಸು ಕ್ಷೇತ್ರದ ಶಾಸನ ಸುಧಾರಣಾ ಆಯೋಗ ಇವುಗಳ ಅಧ್ಯಕ್ಷತೆಯೂ ಅವರದಾಗಿತ್ತು. ನಮ್ಮ ಓದುಗರಲ್ಲಿ ಕೇಂದ್ರ ಸರಕಾರದ ನಿವೃತ್ತ ನೌಕರರು ಹಲವರಿದ್ದಾರೆ. ಆರನೆಯ ವೇತನ ಆಯೋಗವನ್ನು ಅವರಿಗೆ ನೆನಪಿಸಬೇಕಾಗಿಲ್ಲ.

ಇನ್ನು ಖಾಸಗಿತನದ ವಿಷಯಕ್ಕೆ ಬರೋಣ. ಇಲ್ಲಿ ಇನ್ನೊಬ್ಬ ಕನ್ನಡಿಗ ನ್ಯಾಯಮೂರ್ತಿಗಳನ್ನು ಸ್ಮರಿಸದೆ ಮುಂದೆ ಹೋಗುವಂತಿಲ್ಲ. ಅವರು ಕರ್ನಾಟಕ ಉಚ್ಚ ನ್ಯಾಯಾಲಯದ ನಿವೃತ್ತ ನ್ಯಾಯಮೂರ್ತಿ ಕೆ. ಎಸ್. ಪುಟ್ಟಸ್ವಾಮಿಯವರು. 1926ರಲ್ಲಿ ಜನಿಸಿ, 1977ರಿಂದ 1986ರವರೆಗೆ ನ್ಯಾಯಪೀಠದಲ್ಲಿದ್ದು, ನಿವೃತ್ತರಾಗಿ ಬೆಂಗಳೂರಿನಲ್ಲಿ ನೆಲೆಸಿದ್ದರು. ಆಧಾರ್ ಯೋಜನೆ ನಮ್ಮ ಮಹಾರಾಷ್ಟ್ರದ ನಂದುರಬಾರ್ ಜಿಲ್ಲೆಯ ಟೆಂಭಲಿ ಗ್ರಾಮದಲ್ಲಿ 2010ರ ಸೆಪ್ಟೆಂಬರ್ 29ರಂದು ಆರಂಭವಾಗಿತ್ತು. ಅದಕ್ಕೆ ಬೇಕಾದ ಮಸೂದೆ ಸಂಸತ್ತಿನಲ್ಲಿ ಇತ್ಯರ್ಥವಾಗದೆ ಉಳಿದಿರುವಾಗಲೇ, ಕೇವಲ ಆಡಳಿತಾತ್ಮಕ ಆದೇಶದ ಬಲದಿಂದ ಕೋಟ್ಯಂತರ ಜನರ ಬೆರಳಚ್ಚು ಮತ್ತು ಕಣ್ಣಪಾಪೆಯ ಗುರುತುಗಳನ್ನು ಸಂಗ್ರಹಿಸುವುದು ಸರಿಯೆ ಎಂದು ಪುಟ್ಟಸ್ವಾಮಿಯವರು 2012ರಲ್ಲಿ ಸರ್ವೋಚ್ಚ ನ್ಯಾಯಾಲಯದಲ್ಲಿ ರಿಟ್ ಅರ್ಜಿ ಸಲ್ಲಿಸಿದರು. ಆಗ ಅವರಿಗೆ 86 ವರ್ಷ. ಮೈಸೂರಿನಲ್ಲಿ ನೆಲೆಸಿದ್ದ ನಿವೃತ್ತ ಮೇಜರ್ ಜನರಲ್ ಎಸ್. ಜಿ. ಒಂಬತ್ಕೆರೆ ಅವರೂ ಮುಂದೆ ಪ್ರತ್ಯೇಕ ಅರ್ಜಿಯೊಂದಿಗೆ ಈ ಹೋರಾಟದಲ್ಲಿ ಸೇರಿಕೊಂಡರು. ಆಧಾರ್ ವ್ಯವಸ್ಥೆಯನ್ನು ಕಟ್ಟಿದ ನಂದನ್ ನಿಲೇಕಣಿಯವರು ಬೆಂಗಳೂರಿನವರು, ಕಲಿತದ್ದು ನಮ್ಮ ಪವಾಯಿಯ ಐಐಟಿಯಲ್ಲಿ. ಅದನ್ನು ಪ್ರಶ್ನಿಸಿದವರೂ ಬೆಂಗಳೂರಿನವರೇ. ವಾದಿ ಪ್ರತಿವಾದಿ ಎರಡೂ ಕಡೆ ಕನ್ನಡನಾಡಿನವರೇ ಇದ್ದ ಇಂಥ ವ್ಯಾಜ್ಯ ಅಪೂರ್ವವೆಂದೇ ಹೇಳಬೇಕು.

ಸರಕಾರದ ಪರ ವಾದ ಹೀಗಿತ್ತು: ಖಾಸಗಿತನ ಎಂಬ ಮೂಲಭೂತ ಹಕ್ಕು ಸಂವಿಧಾನದಲ್ಲಿ ಎಲ್ಲಿಯೂ ಬರೆದಿಲ್ಲ, 1954ರಲ್ಲಿ ಎಂಟು ನ್ಯಾಯಮೂರ್ತಿಗಳ ಪೀಠವೂ 1962ರಲ್ಲಿ ಆರು ನ್ಯಾಯಮೂರ್ತಿಗಳ ಪೀಠವೂ ಅಂಥ ಹಕ್ಕನ್ನು ಮಾನ್ಯ ಮಾಡಿಲ್ಲ. ಹಳೆಯ ದೊಡ್ಡ ಪೀಠದ ಮಾತನ್ನು ತಿದ್ದಲು ಅದಕ್ಕಿಂತ ದೊಡ್ಡ ಪೀಠವೇ ಬೇಕು. ಹೀಗಾಗಿ ಒಂಬತ್ತು ನ್ಯಾಯಮೂರ್ತಿಗಳ ಪೀಠ ಕುಳಿತು, 2017ರ ಆಗಸ್ಟ್ 24ರಂದು ಏಕಾಭಿಪ್ರಾಯದಿಂದ ತೀರ್ಪು ನೀಡಿತು. ಖಾಸಗಿತನವು ಜೀವ ಮತ್ತು ಸ್ವಾತಂತ್ರ್ಯದ ಹಕ್ಕಿನ ಅವಿಭಾಜ್ಯ ಅಂಗ. ಅದನ್ನು ಮಿತಿಗೊಳಿಸಬೇಕಾದರೆ ಮೊದಲು ಒಂದು ಕಾನೂನು ಇರಬೇಕು, ಅದರ ಉದ್ದೇಶ ನ್ಯಾಯಸಮ್ಮತವಾಗಿರಬೇಕು, ಮಿತಿಯು ಉದ್ದೇಶಕ್ಕೆ ತಕ್ಕಷ್ಟೇ ಇರಬೇಕು ಎಂಬುದು ಅದರ ತಿರುಳು. ಪ್ರಧಾನ ಅಭಿಪ್ರಾಯ ಬರೆದ ನ್ಯಾ. ಡಿ. ವೈ. ಚಂದ್ರಚೂಡರು ಮುಂಬಯಿ ಉಚ್ಚ ನ್ಯಾಯಾಲಯದ ಪರಂಪರೆಯವರು. ತುರ್ತುಪರಿಸ್ಥಿತಿಯ ಕಾಲದ ಪ್ರಸಿದ್ಧ ಪ್ರಕರಣದಲ್ಲಿ ತಮ್ಮ ತಂದೆಯವರೂ ಭಾಗಿಯಾಗಿದ್ದ ಬಹುಮತದ ನಿರ್ಣಯವನ್ನು ಅವರು ಇದೇ ತೀರ್ಪಿನಲ್ಲಿ ತಪ್ಪೆಂದು ತಳ್ಳಿಹಾಕಿದರು. ಅವರೊಡನೆ ಸಹಮತದಿಂದ ಸಹಿ ಮಾಡಿದವರಲ್ಲಿ ದಕ್ಷಿಣ ಕನ್ನಡದ ನ್ಯಾ. ಎಸ್. ಅಬ್ದುಲ್ ನಜೀರ್ ಅವರೂ ಇದ್ದರು.

ಈ ವಿಚಾರಣೆ ನಡೆಯುತ್ತಿರುವಾಗಲೇ, 2017ರ ಜುಲೈ 31ರಂದು, ಕೇಂದ್ರ ಸರಕಾರ ಮಾಹಿತಿ ಸಂರಕ್ಷಣೆಯ ಕಾನೂನು ರೂಪಿಸಲು ಹತ್ತು ಜನರ ತಜ್ಞ ಸಮಿತಿಯನ್ನು ನೇಮಿಸಿತು. ಅಧ್ಯಕ್ಷರು ನ್ಯಾ. ಶ್ರೀಕೃಷ್ಣ. ಸಮಿತಿಯ ನೇಮಕವನ್ನು ಸರಕಾರದ ವಕೀಲರು ನ್ಯಾಯಾಲಯದ ಗಮನಕ್ಕೂ ತಂದರು. ಸಮಿತಿಯಲ್ಲಿ ಸರಕಾರಿ ಅಧಿಕಾರಿಗಳು ಹೆಚ್ಚು, ಖಾಸಗಿತನಕ್ಕಾಗಿ ಹೋರಾಡಿದವರು ಇಲ್ಲ ಎಂಬ ಆಕ್ಷೇಪ ಆಗಲೇ ಎದ್ದಿತ್ತು. ಆಧಾರ್ ಪ್ರಾಧಿಕಾರದ ಮುಖ್ಯಾಧಿಕಾರಿಯೇ ಸದಸ್ಯರಾಗಿದ್ದರೆಂಬುದನ್ನು ನೋಡಿದರೆ ಆ ಆಕ್ಷೇಪದಲ್ಲಿ ಹುರುಳಿಲ್ಲವೆನ್ನಲಾಗದು. 2017ರ ನವೆಂಬರಿನಲ್ಲಿ ಸಮಿತಿ ಶ್ವೇತಪತ್ರ ಪ್ರಕಟಿಸಿ, 2018ರ ಜನವರಿಯಲ್ಲಿ ದಿಲ್ಲಿ, ಹೈದರಾಬಾದು, ಬೆಂಗಳೂರು ಮತ್ತು ಮುಂಬಯಿಗಳಲ್ಲಿ ಸಾರ್ವಜನಿಕರ ಅಭಿಪ್ರಾಯ ಆಲಿಸಿತು. 2018ರ ಜುಲೈ 27ರಂದು ವರದಿಯೂ ಕರಡು ಮಸೂದೆಯೂ ಸರಕಾರದ ಕೈ ಸೇರಿದವು.

ಆ ಕರಡಿನ ಮೂಲ ವಿಚಾರವನ್ನು ಸ್ವಲ್ಪ ವಿವರಿಸುವುದು ಅಗತ್ಯ. ನಮ್ಮ ಮಾಹಿತಿಯನ್ನು ಪಡೆಯುವ ಬ್ಯಾಂಕು, ಆಸ್ಪತ್ರೆ, ಕಂಪನಿ ಅಥವಾ ಸರಕಾರಿ ಇಲಾಖೆಯನ್ನು ಸಮಿತಿಯು ಮಾಲೀಕನೆಂದು ಪರಿಗಣಿಸಲಿಲ್ಲ. ಕಾನೂನಿನ ಭಾಷೆಯಲ್ಲಿ 'ಫಿಡ್ಯೂಷಿಯರಿ', ಅಂದರೆ ವಿಶ್ವಾಸಕ್ಕೆ ಬದ್ಧನಾದ ಪಾಲಕ ಎಂದು ಕರೆಯಿತು. ಹಿಂದಿನ ಕಾಲದಲ್ಲಿ ಕಾಶಿಗೆ ಹೊರಟವರು ಊರಿನ ನಂಬಿಕಸ್ಥರಲ್ಲಿ ಇಡುಗಂಟು ಇರಿಸಿ ಹೋಗುತ್ತಿದ್ದರಲ್ಲ, ಹಾಗೆ. ಗಂಟು ಅವರ ಮನೆಯಲ್ಲಿದ್ದರೂ ಅದು ಅವರದಲ್ಲ. ಬಿಚ್ಚಿ ವ್ಯಾಪಾರ ಮಾಡುವಂತಿಲ್ಲ. ವೈದ್ಯ ಮತ್ತು ರೋಗಿ, ವಕೀಲ ಮತ್ತು ಕಕ್ಷಿಗಾರ ಇವರ ನಡುವಿನ ಸಂಬಂಧವೂ ಇದೇ ಜಾತಿಯದು. ಸಮ್ಮತಿಯನ್ನು ಒತ್ತಾಯವಿಲ್ಲದೆ, ವಿಷಯ ತಿಳಿಸಿ, ನಿರ್ದಿಷ್ಟ ಉದ್ದೇಶಕ್ಕಾಗಿ ಮಾತ್ರ ಪಡೆಯಬೇಕು. ಕೊಟ್ಟ ಸಮ್ಮತಿಯನ್ನು ಹಿಂದಕ್ಕೆ ಪಡೆಯುವುದು ಸಾಧ್ಯವಿರಬೇಕು. ಆರೋಗ್ಯ, ಹಣಕಾಸು, ಜಾತಿ, ಧರ್ಮ, ಬೆರಳಚ್ಚು ಮೊದಲಾದವನ್ನು ಸೂಕ್ಷ್ಮ ಮಾಹಿತಿಯೆಂದು ಬೇರ್ಪಡಿಸಿ ಅವುಗಳಿಗೆ ಹೆಚ್ಚಿನ ರಕ್ಷಣೆಯನ್ನು ಕರಡು ನೀಡಿತ್ತು. ದಂಡ 15 ಕೋಟಿ ರೂಪಾಯಿ ಅಥವಾ ಕಂಪನಿಯ ಜಾಗತಿಕ ವಹಿವಾಟಿನ ಶೇಕಡ 4, ಇವುಗಳಲ್ಲಿ ಹೆಚ್ಚಿನದರವರೆಗೆ.

ಸರಕಾರಕ್ಕೂ ಕರಡು ಲಗಾಮು ಹಾಕಿತ್ತು. ದೇಶದ ಭದ್ರತೆಗಾಗಿ ಮಾಹಿತಿ ಬೇಕಾದರೆ ಸಂಸತ್ತು ಅಂಗೀಕರಿಸಿದ ಕಾನೂನಿನ ಪ್ರಕಾರವೇ, ಅಗತ್ಯವಿದ್ದಷ್ಟೇ ಪಡೆಯಬೇಕು. ಮೇಲ್ವಿಚಾರಣೆಯ ಪ್ರಾಧಿಕಾರದ ಸದಸ್ಯರನ್ನು ಆಯ್ಕೆಮಾಡುವ ಸಮಿತಿಗೆ ಭಾರತದ ಮುಖ್ಯ ನ್ಯಾಯಮೂರ್ತಿ ಅಥವಾ ಅವರು ಸೂಚಿಸಿದ ನ್ಯಾಯಮೂರ್ತಿ ಅಧ್ಯಕ್ಷರಾಗಬೇಕು. ಎಲ್ಲರೂ ಇಡೀ ಕರಡನ್ನು ಮೆಚ್ಚಿದರೆಂದಲ್ಲ. ಪ್ರತಿಯೊಂದು ವೈಯಕ್ತಿಕ ಮಾಹಿತಿಯ ಪ್ರತಿಯನ್ನು ಭಾರತದಲ್ಲಿಯೇ ಇರಿಸಬೇಕೆಂಬ ನಿಯಮವನ್ನು ಸಮಿತಿಯ ಇಬ್ಬರು ಸದಸ್ಯರೇ, ಪ್ರೊ. ರಿಷಿಕೇಶ ಕೃಷ್ಣನ್ ಮತ್ತು ರಮಾ ವೇದಶ್ರೀ ಅವರು, ವಿರೋಧಿಸಿ ಭಿನ್ನಮತ ಬರೆದರು.

2019ರ ಡಿಸೆಂಬರ್ 11ರಂದು ಲೋಕಸಭೆಯಲ್ಲಿ ಮಂಡಿಸಲಾದ ಮಸೂದೆಯಲ್ಲಿ ಶ್ರೀಕೃಷ್ಣ ಸಮಿತಿಯ ಲಗಾಮು ಸಡಿಲಾಗಿತ್ತು. ಅದರ 35ನೆಯ ಕಲಂ ಪ್ರಕಾರ ಕೇಂದ್ರ ಸರಕಾರ ತನ್ನ ಯಾವುದೇ ಸಂಸ್ಥೆಯನ್ನು ಒಂದು ಆದೇಶದಿಂದ ಕಾನೂನಿನ ಹೊರಗಿಡಬಹುದಿತ್ತು. ಆಯ್ಕೆ ಸಮಿತಿಯಲ್ಲಿ ನ್ಯಾಯಮೂರ್ತಿಗಳ ಬದಲು ಸರಕಾರದ ಕಾರ್ಯದರ್ಶಿಗಳು ಬಂದು ಕುಳಿತಿದ್ದರು. ಇದು ಭಾರತವನ್ನು ಜಾರ್ಜ್ ಆರ್ವೆಲ್ ಚಿತ್ರಿಸಿದಂಥ ಕಣ್ಗಾವಲಿನ ರಾಜ್ಯವನ್ನಾಗಿಸಬಲ್ಲುದು ಎಂದು ನ್ಯಾ. ಶ್ರೀಕೃಷ್ಣ ಅವರು ಪತ್ರಿಕೆಗಳಿಗೆ ನೇರವಾಗಿಯೇ ಹೇಳಿದರು. ಸರಕಾರವೇ ನೇಮಿಸಿದ ಸಮಿತಿಯ ಅಧ್ಯಕ್ಷರೊಬ್ಬರು ಹೀಗೆ ಮಾತನಾಡುವುದು ನಮ್ಮ ಸಾರ್ವಜನಿಕ ಜೀವನದಲ್ಲಿ ಸಾಮಾನ್ಯವಲ್ಲ. ವರದಿ ಒಪ್ಪಿಸಿ, ಹಾರ ಸ್ವೀಕರಿಸಿ, ಮುಂದಿನ ಸಮಿತಿಗಾಗಿ ಕಾಯುವವರೇ ಹೆಚ್ಚು.

ಮುಂದಿನ ವರ್ಷ ಕೋವಿಡ್ ಬಂತು. 2020ರ ಮೇ 1ರ ಮಾರ್ಗಸೂಚಿಯಲ್ಲಿ ಗೃಹ ಸಚಿವಾಲಯ ಎಲ್ಲ ನೌಕರರಿಗೂ ಆರೋಗ್ಯ ಸೇತು ಆಪ್ ಕಡ್ಡಾಯವೆಂದಿತು. ಯಾವ ಕಾನೂನಿನ ಆಧಾರದ ಮೇಲೆ ಎಂದು ನ್ಯಾ. ಶ್ರೀಕೃಷ್ಣ ಕೇಳಿದರು, ಕಡ್ಡಾಯಗೊಳಿಸುವುದು ಪೂರ್ಣವಾಗಿ ಕಾನೂನುಬಾಹಿರವೆಂದರು. ಬಳಿಕ ಸರಕಾರ ಮಾಹಿತಿ ಬಳಕೆಯ ನಿಯಮಾವಳಿಯನ್ನು ಹೊರಡಿಸಿದಾಗಲೂ, ಅದು ಇಲಾಖೆಯ ಸುತ್ತೋಲೆಯಂತಿದೆ, ತಪ್ಪಾದರೆ ಹೊಣೆ ಯಾರೆಂದು ತಿಳಿಯದು ಎಂಬುದು ಅವರ ನಿಲುವಾಗಿತ್ತು. ಮಹಾಮಾರಿಯ ಭಯದಲ್ಲಿ ಇಂಥ ಮಾತು ಅನೇಕರಿಗೆ ರುಚಿಸಲಿಲ್ಲ. ಆದರೆ ಅವರು ಹೇಳಿದ್ದು ಒಂಬತ್ತು ನ್ಯಾಯಮೂರ್ತಿಗಳ ತೀರ್ಪಿನ ಮೊದಲ ಷರತ್ತನ್ನೇ: ಮೊದಲು ಕಾನೂನು ಇರಬೇಕು.

2019ರ ಮಸೂದೆ ಜಂಟಿ ಸಂಸದೀಯ ಸಮಿತಿಗೆ ಹೋಗಿ, 81 ತಿದ್ದುಪಡಿಗಳ ಸಲಹೆಯೊಂದಿಗೆ ಮರಳಿ, 2022ರ ಆಗಸ್ಟ್ 3ರಂದು ಹಿಂತೆಗೆಯಲ್ಪಟ್ಟಿತು. ಅದೇ ನವೆಂಬರಿನಲ್ಲಿ ಹೊಸ, ಚಿಕ್ಕ ಕರಡು ಬಂತು. ಅದರಲ್ಲಿನ ಮಂಡಳಿಗೆ ಸರಕಾರದಿಂದ ಸ್ವಾತಂತ್ರ್ಯವಿಲ್ಲ ಎಂಬುದು ನ್ಯಾ. ಶ್ರೀಕೃಷ್ಣ ಅವರ ಮುಖ್ಯ ಟೀಕೆ. ಡಿಜಿಟಲ್ ವೈಯಕ್ತಿಕ ದತ್ತಾಂಶ ಸಂರಕ್ಷಣಾ ಮಸೂದೆ ಸಂಸತ್ತಿನ ಉಭಯ ಸದನಗಳಲ್ಲಿ ಅಂಗೀಕಾರವಾಗಿ, 2023ರ ಆಗಸ್ಟ್ 11ರಂದು ರಾಷ್ಟ್ರಪತಿಗಳ ಅಂಕಿತ ಪಡೆಯಿತು. ನಿಯಮಗಳು ಪ್ರಕಟವಾದದ್ದು 2025ರ ನವೆಂಬರಿನಲ್ಲಿ. ಆಧಾರ್ ಕಾಯ್ದೆಯ ಬಗ್ಗೆ ಪ್ರತ್ಯೇಕ ತೀರ್ಪು 2018ರ ಸೆಪ್ಟೆಂಬರ್ 26ರಂದೇ ಬಂದಿತ್ತು. ಬಹುಮತದ ತೀರ್ಪು ಯೋಜನೆಯನ್ನು ಎತ್ತಿಹಿಡಿದು, ಖಾಸಗಿ ಕಂಪನಿಗಳು ಆಧಾರ್ ಕೇಳಲು ಅವಕಾಶ ಕೊಟ್ಟಿದ್ದ ಭಾಗವನ್ನು ರದ್ದುಗೊಳಿಸಿತ್ತು. ಪುಟ್ಟಸ್ವಾಮಿಯವರು 2023ರ ಕಾಯ್ದೆಯನ್ನು ಕಂಡರು, ಅದು ಜಾರಿಗೆ ಬರುವುದನ್ನು ಕಾಣಲಿಲ್ಲ. 2024ರ ಅಕ್ಟೋಬರ್ 28ರಂದು, ತಮ್ಮ 98ನೆಯ ವಯಸ್ಸಿನಲ್ಲಿ, ಬೆಂಗಳೂರಿನಲ್ಲಿ ನಿಧನರಾದರು.

ಹಳೆಯ ಕರಡಿನಲ್ಲಿದ್ದದ್ದು ಹೊಸ ಕಾಯ್ದೆಯಲ್ಲಿ ಎಷ್ಟು ಉಳಿದಿದೆ? 'ಫಿಡ್ಯೂಷಿಯರಿ' ಎಂಬ ಶಬ್ದ ಉಳಿದಿದೆ. ಸಮ್ಮತಿಯ ಷರತ್ತುಗಳು, ತಿದ್ದುಪಡಿ ಕೇಳುವ ಮತ್ತು ಅಳಿಸಿಹಾಕಲು ಹೇಳುವ ಹಕ್ಕುಗಳು ಉಳಿದಿವೆ. ದಂಡ 250 ಕೋಟಿ ರೂಪಾಯಿಗಳವರೆಗೆ ಏರಿದೆ. ಮಾಹಿತಿ ಸೋರಿಹೋದರೆ ಸಂಬಂಧಪಟ್ಟ ಪ್ರತಿಯೊಬ್ಬರಿಗೂ ತಿಳಿಸುವುದು ಕಡ್ಡಾಯ. ಆದರೆ ಸೂಕ್ಷ್ಮ ಮಾಹಿತಿ ಎಂಬ ಪ್ರತ್ಯೇಕ ವರ್ಗ ಇಲ್ಲವಾಗಿದೆ. ಸರಕಾರ ಅಧಿಸೂಚನೆಯಿಂದ ತನ್ನ ಸಂಸ್ಥೆಗಳಿಗೆ ವಿನಾಯಿತಿ ಕೊಡಬಹುದು. ಮಂಡಳಿಯ ಸದಸ್ಯರನ್ನು ನೇಮಿಸುವುದೂ ಕೇಂದ್ರ ಸರಕಾರವೇ. ಮಾಹಿತಿ ಹಕ್ಕು ಕಾಯ್ದೆಯ ಒಂದು ಕಲಂ ಕೂಡ ಇದೇ ಕಾಯ್ದೆಯಿಂದ ತಿದ್ದುಪಡಿಗೊಂಡಿದೆ. ಸಾರ್ವಜನಿಕ ಹಿತಕ್ಕಾಗಿ ಅಧಿಕಾರಿಗಳ ವಿವರ ಕೇಳುವವರಿಗೆ ಇದರಿಂದ ತೊಡಕಾಗುವುದೆಂದು ಮಾಹಿತಿ ಹಕ್ಕಿನ ಕಾರ್ಯಕರ್ತರು ಪ್ರತಿಭಟಿಸಿದ್ದಾರೆ.

ನಮಗೆ ಎಲ್ಲಕ್ಕಿಂತ ಗಂಭೀರವಾಗಿ ತೋರುವುದು ಪರಿಹಾರದ ವಿಷಯ. 2000ದ ಮಾಹಿತಿ ತಂತ್ರಜ್ಞಾನ ಕಾಯ್ದೆಯ 43ಎ ಕಲಂ ಪ್ರಕಾರ, ಕಂಪನಿಯ ನಿರ್ಲಕ್ಷ್ಯದಿಂದ ಸೂಕ್ಷ್ಮ ಮಾಹಿತಿ ಸೋರಿ ನಷ್ಟವಾದವರು ಪರಿಹಾರ ಕೇಳಬಹುದಿತ್ತು. ಶ್ರೀಕೃಷ್ಣ ಸಮಿತಿಯ ಕರಡಿನಲ್ಲಿಯೂ ಪರಿಹಾರಕ್ಕೆ ಅವಕಾಶವಿತ್ತು. ಹೊಸ ಕಾಯ್ದೆ ಆ 43ಎ ಕಲಮನ್ನು ತೆಗೆದುಹಾಕುತ್ತದೆ. ವಸೂಲಾದ ದಂಡವೆಲ್ಲ ಭಾರತ ಸರಕಾರದ ಸಂಚಿತ ನಿಧಿಗೆ ಹೋಗುತ್ತದೆ. ಇಡುಗಂಟು ಕಳೆದುಕೊಂಡವನಿಗೆ ಏನೂ ಇಲ್ಲ. ಅಷ್ಟೇ ಅಲ್ಲ, ಪ್ರಜೆಯ ಕರ್ತವ್ಯಗಳನ್ನೂ ಕಾಯ್ದೆ ಪಟ್ಟಿಮಾಡಿ, ಸುಳ್ಳು ಅಥವಾ ಕ್ಷುಲ್ಲಕ ದೂರು ಕೊಟ್ಟವರಿಗೆ 10,000 ರೂಪಾಯಿವರೆಗೆ ದಂಡ ವಿಧಿಸಿದೆ.

ನಮ್ಮ ಕುಟುಂಬಗಳಿಗೆ ಇದು ಎಲ್ಲಿ ತಗಲುತ್ತದೆ ಎಂಬುದನ್ನೂ ಹೇಳಬೇಕು. ಕಾಯ್ದೆ ಅನ್ವಯಿಸುವುದು ಡಿಜಿಟಲ್ ರೂಪದಲ್ಲಿರುವ ಅಥವಾ ಮುಂದೆ ಆ ರೂಪಕ್ಕೆ ತಂದ ಮಾಹಿತಿಗೆ ಮಾತ್ರ. ಸೊಸೈಟಿಯ ವಾಚ್‌ಮನ್ ರಿಜಿಸ್ಟರಿನಲ್ಲಿ ಪೆನ್ನಿನಿಂದ ಬರೆದಿಡುವ ಅತಿಥಿಗಳ ಹೆಸರು ಇದರ ವ್ಯಾಪ್ತಿಗೆ ಬರುವುದಿಲ್ಲ. ಅದೇ ವಾಚ್‌ಮನ್ ಮೊಬೈಲ್ ಆಪಿನಲ್ಲಿ ಫೋಟೋ ತೆಗೆದು ದಾಖಲಿಸಿದರೆ ಬರುತ್ತದೆ. 18 ವರ್ಷದೊಳಗಿನ ಮಕ್ಕಳ ಮಾಹಿತಿಗೆ ತಂದೆ ಅಥವಾ ತಾಯಿಯ ಸಮ್ಮತಿ, ಪರಿಶೀಲಿಸಬಹುದಾದ ರೀತಿಯಲ್ಲಿ, ಬೇಕು. ತಮ್ಮ ಮರಣಾನಂತರ ಈ ಹಕ್ಕುಗಳನ್ನು ಚಲಾಯಿಸಲು ಬ್ಯಾಂಕಿನ ಖಾತೆಗೆ ಮಾಡುವಂತೆ ನಾಮನಿರ್ದೇಶನ ಮಾಡಬಹುದೆಂಬುದು ಹಿರಿಯ ಓದುಗರಿಗೆ ಉಪಯುಕ್ತವಾದ ಅಂಶ. ಸಂಘಸಂಸ್ಥೆಗಳಿಗೂ ಒಂದು ಮಾತು. ಕಾಯ್ದೆಯ ಅರ್ಥದಲ್ಲಿ 'ವ್ಯಕ್ತಿ' ಎಂದರೆ ಸಂಘಗಳೂ ಸೇರುತ್ತವೆ. ಸದಸ್ಯರ ವಿಳಾಸ, ಫೋನ್ ನಂಬರು, ವಿದ್ಯಾರ್ಥಿವೇತನಕ್ಕೆ ಅರ್ಜಿ ಹಾಕಿದ ಮಕ್ಕಳ ಅಂಕಪಟ್ಟಿ ಮತ್ತು ತಂದೆಯ ಆದಾಯದ ದಾಖಲೆ, ವಧೂವರರ ಮಾಹಿತಿ, ಇವನ್ನೆಲ್ಲ ಕಂಪ್ಯೂಟರಿನಲ್ಲಿ ಇರಿಸಿಕೊಂಡ ನಮ್ಮ ಕನ್ನಡ ಸಂಘಗಳೂ ಇತರರ ಇಡುಗಂಟಿನ ಪಾಲಕರೇ. ಸದಸ್ಯರ ಪಟ್ಟಿಯನ್ನು ವಾಟ್ಸಾಪ್ ಗುಂಪಿಗೆ ಹಾಕುವ ಉತ್ಸಾಹಿ ಕಾರ್ಯದರ್ಶಿಗಳು ಇದನ್ನು ಗಮನಿಸುವುದು ಒಳಿತು.

ನಿಯಮಗಳ ಪ್ರಕಾರ ಮಂಡಳಿಯ ರಚನೆಯ ಭಾಗ ತಕ್ಷಣವೇ ಜಾರಿಗೆ ಬಂದಿದ್ದು, ಸಮ್ಮತಿ ಮತ್ತು ಹಕ್ಕುಗಳ ಮುಖ್ಯ ಭಾಗಕ್ಕೆ 18 ತಿಂಗಳ ಅವಧಿ ನೀಡಲಾಗಿದೆ. ಅದು 2027ರ ಮೇ ತಿಂಗಳಿಗೆ ಪೂರ್ಣವಾಗುತ್ತದೆ. ಆ ಭಾಗದಲ್ಲಿರುವ 5 ಮತ್ತು 6ನೆಯ ಕಲಂಗಳಲ್ಲಿ ಭಾಷೆಯ ಬಗ್ಗೆ ಒಂದು ಸಾಲು ಇದೆ. ನಮ್ಮ ಮಾಹಿತಿಯನ್ನು ಯಾಕೆ ಪಡೆಯಲಾಗುತ್ತಿದೆ ಎಂಬ ಸೂಚನೆಯನ್ನು, ಸಮ್ಮತಿಯ ಕೋರಿಕೆಯನ್ನು ಇಂಗ್ಲಿಷಿನಲ್ಲಿ ಅಥವಾ ಸಂವಿಧಾನದ ಎಂಟನೆಯ ಅನುಸೂಚಿಯ ಯಾವುದೇ ಭಾಷೆಯಲ್ಲಿ ಓದುವ ಆಯ್ಕೆ ನಮಗಿರಬೇಕು. ಆ 22 ಭಾಷೆಗಳಲ್ಲಿ ಕನ್ನಡವೂ ಒಂದು. ರಾಜ್ಯ ಯಾವುದೆಂಬ ನಿರ್ಬಂಧ ಅದರಲ್ಲಿಲ್ಲ. ಬಾಂದ್ರಾ-ಕುರ್ಲಾ ಸಂಕೀರ್ಣದ ಬ್ಯಾಂಕಿನಲ್ಲಿ ಖಾತೆಯುಳ್ಳ ಮುಂಬಯಿ ಕನ್ನಡಿಗರು ಆ ಸೂಚನೆಯನ್ನು ಕನ್ನಡದಲ್ಲಿಯೇ ಕೇಳಿ ಪಡೆಯಬಹುದು.